ಷೆಡ್ಯೂಲು ಸ್ವತ್ತು

ದುರ್ಗದ ಕೋರ್ಟಿನ ಕಾಂಪೌಂಡಿಗೆ ಒರಗಿದ ನನ್ನ ಮೇಜು.
ಮೇಲೆ ತಗಡು, ತಗಡಿನ ಮೇಲೆ
ಬೇವಿನ ಕಾಯಿ ಉದುರುವ ಸದ್ದು.
ಪುಟಕ್ಕೆ ಇಪ್ಪತ್ತು. ತಪ್ಪು ನನ್ನದಾದರೆ
ಕಾಸಿಲ್ಲದೆ ಮತ್ತೆ ಹೊಡೆದುಕೊಡುತ್ತೇನೆ.
ಹತ್ತೊಂಬತ್ತು ವರ್ಷದಿಂದ ಒಂದು ಹೊಲವನ್ನ
ಹೀಗೆ ಕೂತೇ ಉಳುತ್ತಿದ್ದೇನೆ,
ಬೆರಳಲ್ಲಿ.

ಬಿಳಿಕಲ್ಲಹಟ್ಟಿ, ಸರ್ವೆ ನಂಬರು ನಲವತ್ತೇಳರ ಎರಡು,
ಎರಡೆಕರೆ ಹದಿನಾಲ್ಕು ಗುಂಟೆ.
ಮೂಡಲಿಗೆ ಹಳ್ಳ, ಪಡುವಲಿಗೆ ಬಂಡಿದಾರಿ,
ತೆಂಕಲಿಗೆ ಕೆಂಗಪ್ಪನ ಹೊಲ,
ಬಡಗಲಿಗೆ ಸರ್ಕಾರಿ ಖರಾಬು.
ನಾನು ಕಂಡವನಲ್ಲ. ಕಾಣಲಿಕ್ಕೂ ಏನಿಲ್ಲ ಈಗ,
ಪುಣೆಗೆ ಹೋಗುವ ಲಾರಿಗಳು ಅದರ ಮೇಲೆ ಹಾಯುತ್ತವೆ.
ಆದರೂ ಚಕ್ಕುಬಂದಿ ಬಾಯಿಪಾಠ,
ಮಗ್ಗಿಯ ಹಾಗೆ.

ಮೊದಲ ಅರ್ಜಿಯಲ್ಲಿ ಅದು ಖುಷ್ಕಿ.
ಸಜ್ಜೆ, ಹುರುಳಿ. ಮೂರು ಮರ.
ಗುಂಟೆಗೆ ಇಷ್ಟು ಅಂತ ಕೊಟ್ಟದ್ದನ್ನ
'ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ' ಅಂತ ಬರೆಸಿ ಪಡೆದರು.

ಎರಡನೆಯದಕ್ಕೆ ಕೆಂಗಪ್ಪನ ತೀರ್ಪಿನ ನಕಲು ಲಗತ್ತು:
ಅವನಿಗೆ ಏರಿಸಿದ್ದೀರಿ, ಬದು ಒಂದೇ, ಮಣ್ಣು ಒಂದೇ,
ನಮಗೆ ಯಾಕಿಲ್ಲ?
ಆ ಸಲ ಹೊಲಕ್ಕೆ ಬಾವಿಯೊಂದು ಬಂತು. ಮರ ಏಳಾದವು.

ಮೂರನೆಯದರಲ್ಲಿ ಖುಷ್ಕಿ ಹೋಗಿ ಬಾಗಾಯ್ತು. ಹನ್ನೊಂದು ಮರ.
'ಪಟ್ಟಣಕ್ಕೆ ಹೊಂದಿಕೊಂಡ, ನಿವೇಶನಕ್ಕೆ ಯೋಗ್ಯವಾದ'
ಅಂತ ಒಂದು ಸಾಲು.
ಪಟ್ಟಣ ಅಲ್ಲಿಂದ ಹದಿನೆಂಟು ಮೈಲಿ.
ಟಾರು ಬಿದ್ದ ಮೇಲೆ ಇಷ್ಟು ಹುಲುಸಾಗಿ ಬೆಳೆದ ಭೂಮಿಯನ್ನ
ಈ ಜಿಲ್ಲೆಯಲ್ಲಿ ನಾನು ಬೇರೆ ನೋಡಿಲ್ಲ.

ಮೂರು ಅರ್ಜಿ ಮಷೀನಿನಲ್ಲಿ ಕುಟ್ಟಿದ್ದು.
ಇವತ್ತಿನದು ನಾಲ್ಕನೆಯದು, ಕಂಪ್ಯೂಟರಿನಲ್ಲಿ.
ಮೊದಲನೆಯದು ಸಣ್ಣೀರಮ್ಮನ ಮಾವನದು,
ಆಮೇಲಿನ ಎರಡು ಗಂಡನವು.
ಇಬ್ಬರ ಹೆಸರಿನ ಹಿಂದೆಯೂ ಈಗ 'ಮೃತ' ಅಂತ ಸೇರಿದೆ.
ಅದರಿಂದ ಪುಟವೇನೂ ಹೆಚ್ಚಲಿಲ್ಲ.

ವಕೀಲ ರುದ್ರಮುನಿ ಚಹಾಕ್ಕೆ ಹೋಗಿದ್ದಾಗ
'ಓದಪ್ಪ' ಅಂದಳು. ಓದಿದೆ.
ಮರದ ಹತ್ತಿರ ಕೈ ಎತ್ತಿದಳು.
'ಹನ್ನೊಂದಾ?'
'ಹೋದ ಸಲಾನೂ ಹನ್ನೊಂದೇ ಕಣಮ್ಮ.'
'ಹೋದ ಸಲ ಹೆಬ್ಬೆಟ್ಟು ನಮ್ಮ ಯಜಮಾನಂದು.
ಈ ಸಲ ನಂದು.'

ಬೆರಳು ಮಡಿಸಿದಳು:
'ಹುಣಸೆ ಎರಡು. ಕಮರ ಒಂದು.
ಕಮರದ ನೆಳ್ಳಾಗೆ ಮಧ್ಯಾಹ್ನ ಕುರಿ ನಿಲ್ತಿದ್ವು,
ಎಬ್ಬಿದ್ರೂ ಏಳ್ತಿರಲಿಲ್ಲ.
ಹುಣಸೇಲಿ ಒಂದು ಹುಳಿ, ಒಂದು ಸಿಹಿ.
ಅದನ್ನ ಬರ್ದಿದ್ದೀಯಾ?'

ಬರೆದಿರಲಿಲ್ಲ.
ಬಾವಿ ತೋಡಿದ ಯಾರಿಗೂ
ಅದನ್ನ ಕೇಳಬೇಕು ಅನ್ನಿಸಿರಲಿಲ್ಲ.

ಎಲೆಯಡಿಕೆ ಚೀಲದಿಂದ ಒಂದು ಕಟ್ಟು ತೆಗೆದಳು,
ರಬ್ಬರು ಹಾಕಿದ ಬಸ್ ಟಿಕೆಟ್ಟು.
'ಒಂದೊಂದರಾಗೂ ಟೋಲು ಅಂತ ಆರು ರೂಪಾಯಿ ಐತೆ.
ಹೋಗ್ತಾ ಆರು, ಬರ್ತಾ ಆರು.
ನನ್ನ ಹೊಲ ದಾಟಾಕೆ.
ಇದನ್ನೂ ಸೇರ್ಸಾಕೆ ಬರ್ತೈತಾ?'

ಬಿಡಿಸಿ ನೋಡಿದೆ. ಹಳೆಯವುಗಳ ಅಕ್ಷರ ಪೂರ್ತಿ ಹಾರಿಹೋಗಿ
ಬರೀ ಬಿಳಿ ಚೀಟಿ.
ಬರಲ್ಲ ಅಂದೆ.
ಹಾಗಾದ್ರೆ ಮರನಾದ್ರೂ ಸರಿ ಮಾಡು, ಅಂದಳು.

ಹನ್ನೊಂದನ್ನ ಅಳಿಸಿ ಮೂರು ಒತ್ತಿದೆ.
ಜೀವಮಾನದಲ್ಲಿ ಅದೊಂದು ಅಂಕಿಗೆ ಬೆರಳು ಭಾರವಾಯಿತು,
ಇಪ್ಪತ್ತು ರೂಪಾಯಿಯ ಬೆರಳು.
ಪ್ರಿಂಟು ಬಂತು. ನೇರಳೆ ಇಂಕಿನಲ್ಲಿ ಹೆಬ್ಬೆಟ್ಟು ಒತ್ತಿ
ಸೆರಗಿಗೆ ಒರೆಸಿಕೊಂಡಳು.

ರುದ್ರಮುನಿ ಬಂದು ಹಾಳೆ ತಿರುವಿದರು.
'ಏನಯ್ಯಾ ಇದು, ಎಂಟು ಮರ ಎಲ್ಲಿ ಹೋದವು?'
'ಟೈಪಿಂಗ್ ಮಿಸ್ಟೇಕು ಸಾರ್.'
ಹೆಬ್ಬೆಟ್ಟು ನೋಡಿದರು, ಗಡಿಯಾರ ನೋಡಿದರು.
ವಾಯಿದೆಗೆ ಇವತ್ತೇ ಕಡೇ ದಿನ.
ಫೈಲು ಕಂಕುಳಿಗೆ ಸಿಕ್ಕಿಸಿ ಮೆಟ್ಟಿಲು ಹತ್ತುತ್ತಾ
ತಿರುಗಿ ಅಂದರು:
'ಇರಲಿ ಬಿಡು, ಐದನೇದರಲ್ಲಿ ಸರಿಮಾಡೋಣ.'

ಸಣ್ಣೀರಮ್ಮ ಬಸ್ಸಿಗೆ ಚಿಲ್ಲರೆ ಎಣಿಸುತ್ತಿದ್ದಳು,
ಟೋಲಿನ ಆರು ರೂಪಾಯಿ
ಬೇರೆ ಇಟ್ಟು.